ನೀರಿನಲ್ಲಿ ಉಳಿದ ಗೋಡೆ, ದಡ ಸೇರಿದ ಊರು

ಪ್ರವಾಸೋದ್ಯಮದ ಕ್ಯಾಲೆಂಡರುಗಳಲ್ಲಿ ಒಂದು ಚಿತ್ರವನ್ನು ಬಹುಮಂದಿ ಕಂಡಿರುತ್ತೀರಿ. ಸುತ್ತ ಕಣ್ಣು ಹರಿಯುವಷ್ಟು ದೂರ ನೀರು. ನಡುವೆ ಚಾವಣಿಯಿಲ್ಲದ, ಬಾಗಿಲಿಲ್ಲದ ಎತ್ತರದ ಕಟ್ಟಡ. ಚೂಪು ಕಮಾನುಗಳ ಎರಡು ಸಾಲು, ಆ ಕಮಾನುಗಳ ನೆರಳು ನೀರಿನಲ್ಲಿ ತಲೆಕೆಳಗಾಗಿ ನಿಂತಿರುವುದು. ಕೆಳಗೆ 'ಮುಳುಗಿದ ಚರ್ಚು, ಶೆಟ್ಟಿಹಳ್ಳಿ' ಎಂದು ಒಂದೇ ಸಾಲು. ಮುಳುಗುವ ಮೊದಲು ಅದು ಯಾರ ಚರ್ಚಾಗಿತ್ತು, ಯಾರು ಕಟ್ಟಿದರು, ಅಲ್ಲಿ ಪ್ರಾರ್ಥನೆ ಮಾಡುತ್ತಿದ್ದವರು ಎಲ್ಲಿಗೆ ಹೋದರು ಎಂಬುದನ್ನು ಕ್ಯಾಲೆಂಡರು ಹೇಳುವುದಿಲ್ಲ.

ಮಟಮಾರಿ, ಮಾನ್ವಿ, ದೇವದುರ್ಗದ ಓದುಗರಿಗೆ ಹಾಸನ ಜಿಲ್ಲೆ ದೂರದ್ದು. ಆದರೆ ಅಣೆಕಟ್ಟು, ಕಾಲುವೆ, ಹಿನ್ನೀರು, ಮುಳುಗಡೆ ಎಂಬ ಮಾತುಗಳು ದೂರದವಲ್ಲ. ಮಾನ್ವಿಯ ಗದ್ದೆಗೆ ತುಂಗಭದ್ರಾ ಎಡದಂಡೆ ಕಾಲುವೆಯ ನೀರು ಬೇಕು, ದೇವದುರ್ಗದ ಹೊಲಕ್ಕೆ ನಾರಾಯಣಪುರ ಬಲದಂಡೆ ಕಾಲುವೆಯ ನೀರು ಬೇಕು. ಕಾಲುವೆಯ ಕೊನೆಯಲ್ಲಿ ಕುಳಿತವರು ನೀರು ಬಂತೇ, ಬರಲಿಲ್ಲವೇ ಎಂದು ನೋಡುತ್ತಿರುತ್ತಾರೆ. ಅದೇ ನೀರು ಹಿಂದೆ ನಿಂತ ಕಡೆ ಒಂದು ಊರು ಏನಾಯಿತು ಎಂಬುದನ್ನು ನೋಡಲು ಶೆಟ್ಟಿಹಳ್ಳಿಯಷ್ಟು ಸ್ಪಷ್ಟವಾದ ಜಾಗ ನಮ್ಮ ರಾಜ್ಯದಲ್ಲಿ ಇನ್ನೊಂದಿಲ್ಲ. ಬೇರೆ ಊರುಗಳು ಪೂರ್ತಿ ಮುಳುಗಿ ಮರೆತುಹೋದವು. ಇಲ್ಲಿ ಮಾತ್ರ ಒಂದು ಕಟ್ಟಡ ತಲೆ ಎತ್ತಿಕೊಂಡೇ ಉಳಿಯಿತು.

ಹಳ್ಳಿಗೆ ಚರ್ಚು ಬಂದ ಬಗೆ

ಕ್ರೈಸ್ತ ದೇವಾಲಯವೆಂದರೆ ದಂಡು ಪ್ರದೇಶದ್ದು, ಪಟ್ಟಣದ್ದು, ಇಂಗ್ಲಿಷರದ್ದು ಎಂಬ ಭಾವನೆ ನಮ್ಮಲ್ಲಿ ಬೇರೂರಿದೆ. ಇದು ಸರಿಯಲ್ಲ ಎನ್ನಲು ಹಾಸನದವರೆಗೆ ಹೋಗಬೇಕಾಗಿಯೇ ಇಲ್ಲ. ನಮ್ಮದೇ ಜಿಲ್ಲೆಯ ಮುದಗಲ್ಲಿನಲ್ಲಿ ಗೋವೆಯಿಂದ ಬಂದ ಪಾದ್ರಿಗಳ ಕಾಲದ ಕ್ಯಾಥೊಲಿಕ್ ವಸತಿಯಿದೆ. ಅಲ್ಲಿನ ಚರ್ಚು 1557ಕ್ಕಿಂತ ಹಿಂದಿನದೆಂದು ಬ್ರಿಟಿಷರ ಕಾಲದ ಗ್ಯಾಸೆಟಿಯರು ದಾಖಲಿಸಿತ್ತು. ಎಂದರೆ ತಾಳಿಕೋಟೆಯ ಯುದ್ಧಕ್ಕೂ (1565) ಮೊದಲು, ವಿಜಯನಗರ ಇನ್ನೂ ವೈಭವದಲ್ಲಿದ್ದಾಗ, ದೋಆಬಿನ ಈ ಬಿಸಿಲು ನಾಡಿನಲ್ಲಿ ಒಂದು ಚರ್ಚಿತ್ತು. ಇಂಗ್ಲಿಷರ ಈಸ್ಟ್ ಇಂಡಿಯಾ ಕಂಪನಿ ಹುಟ್ಟಿದ್ದೇ 1600ರಲ್ಲಿ!

ಹಳೆಯ ಮೈಸೂರು ಸೀಮೆಯ ಕಥೆ ಬೇರೆ. ಅಲ್ಲಿ ಹತ್ತೊಂಬತ್ತನೆಯ ಶತಮಾನದಲ್ಲಿ ಕೆಲಸ ಮಾಡಿದವರು ಹೆಚ್ಚಾಗಿ ಫ್ರೆಂಚ್ ಪಾದ್ರಿಗಳು, ಪ್ಯಾರಿಸ್ಸಿನ ವಿದೇಶೀ ಮಿಷನ್ ಸಂಘದವರು. ಅವರಲ್ಲಿ ಮೊದಲು ಹೇಳಬೇಕಾದ ಹೆಸರು ಅಬ್ಬೆ ದ್ಯುಬುವಾ. ನಮ್ಮವರ ಬಾಯಲ್ಲಿ ಅದು ಅಬ್ಬೆ ದುಬೆ, ದುಬೋಯಿ ಎಂದೆಲ್ಲ ಆಗಿದೆ. ಕ್ರೈಸ್ತ ರೈತರು ಅವರನ್ನು ಕರೆದದ್ದು ದೊಡ್ಡಸ್ವಾಮಿ ಎಂದು. 1792ರಲ್ಲಿ ಭಾರತಕ್ಕೆ ಬಂದ ಈತ, 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಮೈಸೂರು ಸೀಮೆಗೆ ಬಂದರು. ಯುದ್ಧಗಳ ಕಾಲದಲ್ಲಿ ಚದುರಿಹೋಗಿದ್ದ ಕ್ರೈಸ್ತ ಕುಟುಂಬಗಳನ್ನು ಮತ್ತೆ ಒಂದೆಡೆ ನೆಲೆಗೊಳಿಸುವುದು ಅವರ ಕೆಲಸವಾಗಿತ್ತು. ಅದಕ್ಕೆ ಅವರು ಹಿಡಿದ ದಾರಿ ಬೇಸಾಯ. ಹಾಸನದ ಕಡೆ ಸಾತಹಳ್ಳಿಯಂಥ ಊರುಗಳಲ್ಲಿ ಭೂಮಿ ಹಿಡಿಸಿ ರೈತ ವಸತಿಗಳನ್ನು ಮಾಡಿಸಿದರು. ಸಿಡುಬಿನ ವಿರುದ್ಧದ ದಾಕು ಭಾರತಕ್ಕೆ ಬಂದದ್ದು 1802ರಲ್ಲಿ. ಅದಾದ ಒಂದೆರಡು ವರ್ಷದಲ್ಲೇ ದ್ಯುಬುವಾ ಅದನ್ನು ಹಳ್ಳಿಗಳಲ್ಲಿ ಹಾಕಿಸತೊಡಗಿದ್ದರು. ಭಾರತೀಯರ ಆಚಾರ ವಿಚಾರಗಳ ಬಗ್ಗೆ ಅವರ ಹೆಸರಿನಲ್ಲಿರುವ ಪುಸ್ತಕ ಇಂಗ್ಲಿಷಿನಲ್ಲಿ ಅಚ್ಚಾದದ್ದು 1816ರಲ್ಲಿ. ಅದರ ಬಹುಭಾಗ ಅವರಿಗಿಂತ ಹಿಂದಿನ ಕೂರ್ದೂ ಎಂಬ ಪಾದ್ರಿಯ ಹಸ್ತಪ್ರತಿಯಿಂದ ಬಂದದ್ದೆಂದು ಫ್ರೆಂಚ್ ವಿದುಷಿ ಸಿಲ್ವಿಯಾ ಮ್ಯೂರ್ 1987ರಲ್ಲಿ ತೋರಿಸಿಕೊಟ್ಟರು. ಪುಸ್ತಕದ ಕೀರ್ತಿ ಅಷ್ಟು ಕುಂದಿದರೂ ಹಳ್ಳಿಯ ಕೆಲಸ ಅವರದೇ.

ಶೆಟ್ಟಿಹಳ್ಳಿಯ ಚರ್ಚನ್ನು ದ್ಯುಬುವಾ ಅವರೇ ಕಟ್ಟಿಸಿದರೆಂದು ಕೆಲವು ಕಡೆ ಬರೆದಿರುತ್ತಾರೆ. ಇಲ್ಲಿ ಎರಡು ಕಾಲಗಳನ್ನು ಬಿಡಿಸಿ ನೋಡಬೇಕು. ದ್ಯುಬುವಾ 1823ರಲ್ಲೇ ಫ್ರಾನ್ಸಿಗೆ ಮರಳಿದರು, 1848ರಲ್ಲಿ ತೀರಿಕೊಂಡರು. ಈಗ ನೀರಿನಲ್ಲಿ ನಿಂತಿರುವ ಕಟ್ಟಡ 1860ರ ದಶಕದ್ದು. ಆಗ ಮೈಸೂರು ಮಿಷನ್ನಿನ ಹಿರಿಯರಾಗಿದ್ದವರು ಬಿಷಪ್ ಶಾರ್ಬೊನೊ. ದೊಡ್ಡಸ್ವಾಮಿಗಳು ಈ ಭಾಗದಲ್ಲಿ ಬಿತ್ತಿದ್ದನ್ನು ಮುಂದಿನ ತಲೆಮಾರಿನ ಪಾದ್ರಿಗಳು ಇಟ್ಟಿಗೆ ಗಾರೆಗಳಲ್ಲಿ ಎತ್ತರಿಸಿದರು ಎಂದರೆ ಸರಿಹೋದೀತು. ಚರ್ಚನ್ನು ಜಪಸರ ಮಾತೆಗೆ, ಎಂದರೆ ಜಪಮಾಲೆಯ ಮರಿಯಮ್ಮನಿಗೆ ಅರ್ಪಿಸಿದ್ದರು.

ಇನ್ನೊಂದು ಮಾತೂ ಎಲ್ಲೆಲ್ಲೂ ಕಾಣುತ್ತದೆ: ಆಲೂರು, ಸಕಲೇಶಪುರದ ಕಡೆಯ ಬ್ರಿಟಿಷ್ ತೋಟದ ದೊರೆಗಳಿಗಾಗಿ ಈ ಚರ್ಚು ಕಟ್ಟಿದರು ಎಂಬುದು. ಇದನ್ನು ಹಾಗೆಯೇ ಒಪ್ಪುವುದು ಕಷ್ಟ. ಕಾಫಿ ತೋಟದ ಇಂಗ್ಲಿಷರು, ಸ್ಕಾಟರು ಬಹುಮಟ್ಟಿಗೆ ಪ್ರಾಟೆಸ್ಟೆಂಟರು. ಫ್ರೆಂಚ್ ಪಾದ್ರಿಗಳು ರೋಮನ್ ಕ್ಯಾಥೊಲಿಕರು. ಒಬ್ಬರ ಪೂಜೆಗೆ ಇನ್ನೊಬ್ಬರು ಹೋಗದಿದ್ದ ಕಾಲ ಅದು. ದೊರೆಗಳಿಗೆ ಮಾತ್ರವೇ ಆಗಿದ್ದರೆ ಅದನ್ನು ಹೇಮಾವತಿಯ ದಂಡೆಯ ಈ ಹಳ್ಳಿಯಲ್ಲಿ ಕಟ್ಟುವ ಅಗತ್ಯವೇನಿತ್ತು? ಬೇಸಾಯ ಮಾಡಿಕೊಂಡಿದ್ದ, ಕನ್ನಡ ಮಾತನಾಡುವ ಕ್ಯಾಥೊಲಿಕ್ ಕುಟುಂಬಗಳು ಊರಿನಲ್ಲೇ ಇದ್ದವು. ಮುಳುಗಡೆಯ ಹೊತ್ತಿಗೆ ಊರು ಬಿಟ್ಟು ಎದ್ದವರೂ ಅವರ ಮೊಮ್ಮಕ್ಕಳು, ಮರಿಮಕ್ಕಳೇ. ಭಾನುವಾರದ ಬಲಿಪೂಜೆ, ಮಗುವಿಗೆ ಜ್ಞಾನಸ್ನಾನ, ಮದುವೆ, ಮಣ್ಣು ಎಲ್ಲಕ್ಕೂ ಅವರಿಗೆ ಆ ಚರ್ಚೇ ಬೇಕಾಗಿತ್ತು. ಇಂಥ ಚರ್ಚಿಗೆ ಕನ್ನಡ ಕ್ಯಾಥೊಲಿಕರು ಧರ್ಮಕೇಂದ್ರ ಎನ್ನುತ್ತಾರೆ. ಧರ್ಮಕೇಂದ್ರವೆಂದರೆ ಕಟ್ಟಡವಷ್ಟೇ ಅಲ್ಲ, ಅದಕ್ಕೆ ಸೇರಿದ ಮನೆಗಳ ಗುಂಪೂ ಹೌದು. ಈ ಎರಡನೆಯ ಅರ್ಥವನ್ನು ಮನಸ್ಸಿನಲ್ಲಿಟ್ಟುಕೊಂಡು ಮುಂದೆ ಓದಬೇಕು.

ಚೂಪು ಕಮಾನಿನ ಲೆಕ್ಕ

ಕಟ್ಟಡದ ಶೈಲಿಗೆ ಗೋಥಿಕ್ ಎಂದು ಹೆಸರು. ಹನ್ನೆರಡನೆಯ ಶತಮಾನದಲ್ಲಿ, ನಮ್ಮಲ್ಲಿ ಬಸವಣ್ಣನವರ ಕಾಲಕ್ಕೆ, ಪ್ಯಾರಿಸ್ಸಿನ ಹತ್ತಿರ ಸೇಂಟ್ ಡೆನಿಸ್ ಎಂಬಲ್ಲಿ ಈ ಶೈಲಿ ಮೊದಲು ರೂಪ ತಳೆಯಿತು. ಮುಂದೆ ಮರೆಯಾಗಿದ್ದದ್ದು ಹತ್ತೊಂಬತ್ತನೆಯ ಶತಮಾನದಲ್ಲಿ ಯುರೋಪಿನಲ್ಲಿ ಮತ್ತೆ ಜೀವ ಪಡೆಯಿತು. ಶೆಟ್ಟಿಹಳ್ಳಿಗೆ ಬಂದ ಪಾದ್ರಿಗಳು ಅದೇ ತಲೆಮಾರಿನವರು. ಅವರ ಊರುಗಳಲ್ಲಿ ಆಗ ಎಲ್ಲೆಲ್ಲೂ ಹಳೆಯ ಗೋಥಿಕ್ ಚರ್ಚುಗಳ ದುರಸ್ತಿ ನಡೆದಿತ್ತು. ಸ್ವಾರಸ್ಯವೆಂದರೆ, ಬೆಂಗಳೂರು ಶಿವಾಜಿನಗರದ ಸೇಂಟ್ ಮೇರಿ ಬೆಸಿಲಿಕದ ಈಗಿನ ಗೋಥಿಕ್ ಕಟ್ಟಡ ಮುಗಿದದ್ದು 1882ರಲ್ಲಿ. ಮೈಸೂರಿನ ಸೇಂಟ್ ಫಿಲೋಮಿನಾ ಚರ್ಚಿಗೆ ನಾಲ್ವಡಿ ಕೃಷ್ಣರಾಜ ಒಡೆಯರು ಅಡಿಗಲ್ಲು ಹಾಕಿದ್ದು 1933ರಲ್ಲಿ. ಈ ಎರಡು ಪಟ್ಟಣಗಳ ಹೆಸರಾಂತ ಚರ್ಚುಗಳಿಗಿಂತ ಮೊದಲೇ ಶೆಟ್ಟಿಹಳ್ಳಿಯಲ್ಲಿ ಚೂಪು ಕಮಾನುಗಳು ಎದ್ದಿದ್ದವು.

ಚೂಪು ಕಮಾನಿನ ಅನುಕೂಲವೇನು? ವಿದ್ಯಾರ್ಥಿಗಳು ಜಾಮಿಟ್ರಿ ಪೆಟ್ಟಿಗೆ ತೆಗೆಯಬಹುದು. ಹತ್ತು ಸೆಂಟಿಮೀಟರಿನ ಒಂದು ಅಡ್ಡಗೆರೆ ಎಳೆಯಿರಿ. ಅದರ ನಡುಬಿಂದುವಿನಲ್ಲಿ ಕೈವಾರದ ಮುಳ್ಳು ಊರಿ ಅರ್ಧವೃತ್ತ ಬರೆದರೆ ಕಮಾನಿನ ಎತ್ತರ ಐದೇ ಸೆಂಟಿಮೀಟರ್. ದುಂಡು ಕಮಾನಿನ ಕಟ್ಟುಪಾಡು ಇದು. ಅಗಲದ ಅರ್ಧಕ್ಕಿಂತ ಎತ್ತರಕ್ಕೆ ಅದು ಹೋಗದು. ಈಗ ಗೆರೆಯ ಎರಡು ತುದಿಗಳಲ್ಲೂ ಒಂದೊಂದು ಸಲ ಮುಳ್ಳು ಊರಿ, ಹತ್ತು ಸೆಂಟಿಮೀಟರ್ ತ್ರಿಜ್ಯದ ಎರಡು ಕಂಸಗಳನ್ನು ಎಳೆಯಿರಿ. ಅವು ಮೇಲೆ ಚೂಪಾಗಿ ಕೂಡುತ್ತವೆ. ಅಳೆದು ನೋಡಿ, ಎತ್ತರ ಎಂಟೂವರೆ ಸೆಂಟಿಮೀಟರ್ ದಾಟಿರುತ್ತದೆ. ಅಗಲ ಅಷ್ಟೇ, ಎತ್ತರ ಮಾತ್ರ ಹೆಚ್ಚು. ಇನ್ನೂ ದೊಡ್ಡ ಲಾಭವೆಂದರೆ, ಇಂಥ ಕಮಾನು ಮೇಲಿನ ಭಾರವನ್ನು ಹೆಚ್ಚು ನೆಟ್ಟಗೆ ಕೆಳಕ್ಕೆ ಇಳಿಸುತ್ತದೆ, ಕಂಬಗಳನ್ನು ಪಕ್ಕಕ್ಕೆ ನೂಕುವ ಒತ್ತಡ ಕಡಿಮೆ. ಹಾಗಾಗಿ ಗೋಡೆಯಲ್ಲಿ ಎತ್ತರದ ಕಿಟಕಿಗಳನ್ನು ಬಿಡಿಸಬಹುದು, ಒಳಗೆ ಬೆಳಕು ತುಂಬಬಹುದು.

ಇದೆಲ್ಲ ಪರದೇಶದ ವಿದ್ಯೆ ಎಂದುಕೊಳ್ಳಬೇಡಿ. ವಿಜಾಪುರದ ಜಾಮಿಯಾ ಮಸೀದಿಯಲ್ಲಿ ಚೂಪು ಕಮಾನುಗಳ ಸಾಲುಸಾಲೇ ಇದೆ. ಯುರೋಪಿಗೆ ಈ ಕಮಾನು ಹೋದದ್ದೇ ಪಶ್ಚಿಮ ಏಷ್ಯಾದ ಇಸ್ಲಾಮೀ ಕಟ್ಟಡಗಳ ಕಡೆಯಿಂದ ಎನ್ನುವ ವಿದ್ವಾಂಸರಿದ್ದಾರೆ. ಪೂರ್ವದಿಂದ ಹೋದದ್ದು ಫ್ರೆಂಚ್ ಪಾದ್ರಿಯ ಕೈಯಲ್ಲಿ ಸುತ್ತಿಬಂದು ಹೇಮಾವತಿಯ ದಂಡೆಗಿಳಿಯಿತು ಎಂದರೆ ಅತಿಶಯವೇನಲ್ಲ.

ಚರ್ಚಿನ ಒಳಕ್ಕೆ ಹೋದರೆ ನಡುವೆ ಉದ್ದನೆಯ ಎತ್ತರದ ಅಂಕಣ, ಭಕ್ತರು ಕೂರುತ್ತಿದ್ದ ಜಾಗ. ಅದರ ಎರಡೂ ಪಕ್ಕ ಕಮಾನುಗಳ ಸಾಲು, ಸಾಲಿನ ಆಚೆಗೆ ಕಿರಿದಾದ ಪಡಸಾಲೆಗಳು. ಕೊನೆಯಲ್ಲಿ ಬಲಿಪೀಠವಿದ್ದ ಕಡೆ ಗೋಡೆ ಬಾಗಿ ಸುತ್ತುವರಿಯುತ್ತದೆ. ನಮ್ಮ ಗುಡಿಗಳ ನವರಂಗ, ಗರ್ಭಗುಡಿ ನೋಡಿದವರಿಗೆ ಈ ಕ್ರಮ ತಿಳಿಯುವುದು ಕಷ್ಟವಲ್ಲ. ವ್ಯತ್ಯಾಸವೊಂದಿದೆ. ಗುಡಿಯಲ್ಲಿ ಒಳಕ್ಕೆ ಹೋದಂತೆ ಕತ್ತಲು ಹೆಚ್ಚುತ್ತದೆ. ಇಲ್ಲಿ ಕೊನೆಯ ಗೋಡೆಗೂ ಬೆಳಕಿನ ಕಿಟಕಿಗಳಿವೆ.

ಗಾರೆ ಉದುರಿದ ಕಡೆ ಒಳಗಿನ ಇಟ್ಟಿಗೆ ಕಾಣುತ್ತದೆ. ಈ ಗಾರೆಗೆ ಬೆಲ್ಲ, ಕೋಳಿಮೊಟ್ಟೆ ಬೆರೆಸಿದ್ದರೆಂದು ಎಲ್ಲರೂ ಹೇಳುತ್ತಾರೆ. ಕೇಳಲು ಅಜ್ಜಿಕಥೆಯಂತಿದ್ದರೂ ಇದು ದಕ್ಷಿಣ ಭಾರತದ ಗಾರೆ ಕೆಲಸದ ಹಳೆಯ ರೂಢಿಯೇ. ಸುಣ್ಣದ ಕಲ್ಲನ್ನು ಗೂಡಿನಲ್ಲಿ ಸುಟ್ಟು, ನೀರು ಹಾಕಿ ಅರಳಿಸಿ, ಮರಳಿನೊಡನೆ ಗಾಣದಲ್ಲಿ ಅರೆಯುತ್ತಿದ್ದರು. ಬೆಲ್ಲದ ನೀರು ಸೇರಿದರೆ ಸುಣ್ಣ ಹೆಚ್ಚು ಕರಗಿ ಮರಳಿನ ಕಣಗಳ ನಡುವೆ ಚೆನ್ನಾಗಿ ಹೊಗುತ್ತದೆ, ನಿಧಾನವಾಗಿ ಬಿಗಿಯುತ್ತದೆ. ಮುಂದೆ ಎಷ್ಟೋ ವರ್ಷ ಗಾಳಿಯಲ್ಲಿನ ಇಂಗಾಲದ ಡೈಆಕ್ಸೈಡನ್ನು ಹೀರಿಕೊಂಡು ಅದು ಮತ್ತೆ ಸುಣ್ಣದ ಕಲ್ಲಾಗುತ್ತದೆ. ಕಲ್ಲನ್ನು ಪುಡಿಮಾಡಿ, ಬೇಕಾದ ಆಕಾರಕ್ಕೆ ತಂದು, ಮತ್ತೆ ಕಲ್ಲು ಮಾಡುವ ವಿದ್ಯೆ ಇದು! ನಕ್ಷೆ ಪಾದ್ರಿಗಳದ್ದಿರಬಹುದು, ಗೂಡು ಸುಟ್ಟ, ಗಾರೆ ಅರೆದ, ಅಷ್ಟೆತ್ತರಕ್ಕೆ ಇಟ್ಟಿಗೆ ಹೊತ್ತ ಕೈಗಳು ಈ ನೆಲದವೇ.

ನೀರು ಬಂತು

ಹೇಮಾವತಿ ಪಶ್ಚಿಮಘಟ್ಟದಲ್ಲಿ ಹುಟ್ಟಿ ಸುಮಾರು 245 ಕಿಲೋಮೀಟರ್ ಹರಿದು ಕೃಷ್ಣರಾಜಸಾಗರದ ಬಳಿ ಕಾವೇರಿಯನ್ನು ಸೇರುವ ನದಿ. ಈ ನದಿ ಕನ್ನಡ ಸಾಹಿತ್ಯಕ್ಕೆ ಪರಿಚಿತ. 'ಹಳ್ಳಿಯ ಚಿತ್ರಗಳು', 'ನಮ್ಮ ಊರಿನ ರಸಿಕರು' ಬರೆದ ಗೊರೂರು ರಾಮಸ್ವಾಮಿ ಅಯ್ಯಂಗಾರ್ಯರ ಊರು ಇದೇ ದಂಡೆಯಲ್ಲಿದೆ. ಆ ಗೊರೂರಿನ ಬಳಿಯೇ ನದಿಗೆ ಅಣೆಕಟ್ಟು ಕಟ್ಟಲಾಯಿತು. 1979ರಲ್ಲಿ ಮುಗಿದ ಈ ಕಟ್ಟೆಯ ಉದ್ದ 4,692 ಮೀಟರ್, ಎಂದರೆ ಹತ್ತಿರ ಹತ್ತಿರ ಐದು ಕಿಲೋಮೀಟರ್. ಜಲಾಶಯದಲ್ಲಿ ನಿಲ್ಲುವ ನೀರು 37 ಟಿಎಂಸಿಗೂ ತುಸು ಹೆಚ್ಚು. ಅದು ಹಬ್ಬುವ ನೆಲ ಎಂಟು ಸಾವಿರ ಹೆಕ್ಟೇರಿಗೂ ಮೇಲೆ. ಆ ನೀರು ಹಾಸನ, ಮಂಡ್ಯ, ತುಮಕೂರು ಜಿಲ್ಲೆಗಳ ಹೊಲಗಳಿಗೆ ಹರಿಯಿತು, ತುಮಕೂರಿನವರಿಗೆ ಕುಡಿಯುವ ನೀರಾಯಿತು. ಅದು ಸಣ್ಣ ಉಪಕಾರವಲ್ಲ. ಬರದ ಸೀಮೆಯ ನಮಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ.

ಮುಳುಗಡೆಯ ಹಳ್ಳಿಗಳಲ್ಲಿ ಶೆಟ್ಟಿಹಳ್ಳಿಯ ಈ ಭಾಗವೂ ಸೇರಿತು. ಜನ ಎತ್ತರದ ನೆಲಕ್ಕೆ ಹೋದರು. ಅವರು ನೆಲೆಸಿದ ಹೊಸ ಊರುಗಳ ಹೆಸರು ಕೇಳಿ: ಜೋಸೆಫ್ ನಗರ, ಮರಿಯಾ ನಗರ. ಚರ್ಚನ್ನು ಹೊತ್ತೊಯ್ಯಲಾಗದವರು ಸಂತರ ಹೆಸರನ್ನಾದರೂ ಜೊತೆಗೆ ಒಯ್ದರು. ಹೊಲ, ಮನೆ, ಮರ ಇವಕ್ಕೆ ಪರಿಹಾರದ ಲೆಕ್ಕವಿರುತ್ತದೆ. ಅಜ್ಜನ ಸಮಾಧಿಗೆ, ತಾಯಿ ಮದುವೆಯಾದ ಬಲಿಪೀಠಕ್ಕೆ, ಊರಿಗೆಲ್ಲ ಕೇಳುತ್ತಿದ್ದ ಗಂಟೆಯ ದನಿಗೆ ಯಾವ ಕಚೇರಿಯ ಪುಸ್ತಕದಲ್ಲೂ ಕಾಲಂ ಇರುವುದಿಲ್ಲ. ಹೀಗೆ ಒಂದು ಧರ್ಮಕೇಂದ್ರ ಎರಡು ಹೋಳಾಯಿತು: ಗೋಡೆಗಳು ನೀರಿನಲ್ಲಿ ಉಳಿದವು, ಮನೆಗಳು ದಡ ಸೇರಿದವು. ಕ್ಯಾಲೆಂಡರಿನ ಚಿತ್ರದಲ್ಲಿರುವುದು ಮೊದಲನೆಯ ಹೋಳು ಮಾತ್ರ.

ಬೇರೆ ದಾರಿ ಇರಲಿಲ್ಲವೇ? ನಮ್ಮ ಸುತ್ತಮುತ್ತಲ ಉದಾಹರಣೆಗಳನ್ನೇ ನೋಡೋಣ. ನಾರಾಯಣಪುರ ಜಲಾಶಯದ ಹಿನ್ನೀರು ಕೂಡಲಸಂಗಮಕ್ಕೆ ಬಂದಾಗ ಬಸವಣ್ಣನವರ ಐಕ್ಯಮಂಟಪದ ಸುತ್ತ ದೊಡ್ಡ ಬಾವಿಯಂಥ ಗೋಡೆ ಕಟ್ಟಿದರು. ಇಂದು ಸುತ್ತ ನೀರಿದ್ದರೂ ಮೆಟ್ಟಿಲಿಳಿದು ಒಣ ನೆಲದಲ್ಲಿ ಮಂಟಪದ ದರ್ಶನ ಮಾಡಬಹುದು. ಶ್ರೀಶೈಲ ಯೋಜನೆಯ ನೀರು ಕೃಷ್ಣಾ–ತುಂಗಭದ್ರಾ ಸಂಗಮದ ಕೂಡವೆಲ್ಲಿಗೆ ಬರುವ ಮೊದಲು, ಅಲ್ಲಿನ ಬಾದಾಮಿ ಚಾಲುಕ್ಯರ ಕಾಲದ ಸಂಗಮೇಶ್ವರ ದೇವಾಲಯವನ್ನು ಬಿಚ್ಚಿ ಆಲಂಪುರದಲ್ಲಿ ಮತ್ತೆ ಜೋಡಿಸಿದರು. ಕಲ್ಲಿನ ಗುಡಿಯನ್ನು ಬಿಚ್ಚಿ ಜೋಡಿಸಬಹುದು. ಇಟ್ಟಿಗೆ ಗಾರೆಯ ಕಟ್ಟಡವನ್ನು ಹಾಗೆ ಬಿಚ್ಚಿದರೆ ಕೈಗೆ ಬರುವುದು ಇಟ್ಟಿಗೆ ಚೂರು, ಸುಣ್ಣದ ಪುಡಿ. ಹೀಗಾಗಿ ಸಾಗಿಸುವ ದಾರಿ ಶೆಟ್ಟಿಹಳ್ಳಿಗೆ ಇರಲೇ ಇಲ್ಲ ಎನ್ನಬಹುದು. ಸುತ್ತ ಗೋಡೆ ಕಟ್ಟುವ ದಾರಿಯಿತ್ತು. ಅದನ್ನು ನಾವು ಒಂದು ಕಡೆ ಮಾಡಿದೆವು, ಇನ್ನೊಂದು ಕಡೆ ಮಾಡಲಿಲ್ಲ. ಹಳ್ಳಿಯ ಚರ್ಚು ಆಗಿನ್ನೂ ಯಾರ ಕಣ್ಣಿಗೂ ಚರಿತ್ರೆಯಾಗಿ ಕಂಡಿರಲಿಲ್ಲ.

ಹೊರದೇಶದಲ್ಲೂ ಇಂಥವಿವೆ. ಇಟಲಿಯ ಆಲ್ಪ್ಸ್ ತಪ್ಪಲಿನ ಕುರೋನ್ ಎಂಬ ಊರು 1950ರಲ್ಲಿ ಜಲಾಶಯದಡಿ ಹೋಯಿತು. ಹದಿನಾಲ್ಕನೆಯ ಶತಮಾನದ ಗಂಟೆಗೋಪುರ ಮಾತ್ರ ನೀರಿನಿಂದ ಮೇಲೆ ನಿಂತಿದೆ. ಸ್ಪೇನಿನ ಸೌ ಜಲಾಶಯದಲ್ಲಿ ಮುಳುಗಿರುವ ಚರ್ಚು 2023ರ ಬರಗಾಲದಲ್ಲಿ ಪೂರ್ತಿ ಹೊರಗೆ ಕಂಡಿತು. ಅಲ್ಲಿ ಮುಳುಗಿದ ಊರು ಮೇಲೆ ಬಂತೆಂದರೆ ಬರ ಬಿತ್ತೆಂದೇ ಅರ್ಥ. ಶೆಟ್ಟಿಹಳ್ಳಿಯಲ್ಲಿ ಹಾಗಲ್ಲ, ಪ್ರತಿವರ್ಷವೂ ಒಂದು ಸಲ ಮುಳುಗುತ್ತದೆ, ಒಂದು ಸಲ ಎದ್ದು ನಿಲ್ಲುತ್ತದೆ.

ಕಟ್ಟಡಕ್ಕೆ ಇದೇ ದೊಡ್ಡ ಪೆಟ್ಟು. ಸದಾ ನೀರಿನಲ್ಲಿರುವ ಗೋಡೆ ಒಂದು ಬಗೆಯಲ್ಲಿ ಸುಖಿ, ಸದಾ ಒಣಗಿರುವ ಗೋಡೆ ಇನ್ನೊಂದು ಬಗೆಯಲ್ಲಿ ಸುಖಿ. ಆರು ತಿಂಗಳು ನೆನೆದು ಆರು ತಿಂಗಳು ಒಣಗುವ ಗೋಡೆಯಲ್ಲಿ ಗಾರೆಯ ಸುಣ್ಣ ಸ್ವಲ್ಪ ಸ್ವಲ್ಪವೇ ಕರಗಿ ಹೋಗುತ್ತದೆ. ಚಾವಣಿಯಿಲ್ಲದ ಕಾರಣ ಮಳೆನೀರು ಗೋಡೆಯ ನೆತ್ತಿಯಿಂದಲೇ ಒಳಗಿಳಿಯುತ್ತದೆ. ಬಿರುಕಿನಲ್ಲಿ ಹಕ್ಕಿ ತಂದು ಹಾಕಿದ ಅರಳಿಯ ಬೀಜ ಮೊಳೆತು ಬೇರು ಬಿಡುತ್ತದೆ. ಕಮಾನಿನ ಸಾಲಿಗೆ ಇನ್ನೂ ಒಂದು ಅಪಾಯವಿದೆ. ಪ್ರತಿ ಕಮಾನು ಪಕ್ಕದ ಕಮಾನನ್ನು ಆನಿಕೊಂಡು, ಒಂದರ ನೂಕು ಇನ್ನೊಂದರ ನೂಕಿಗೆ ಸರಿದೂಗಿ ನಿಂತಿರುತ್ತದೆ. ಒಂದು ಕಂಬ ಹೋದರೆ ಪಕ್ಕದ್ದಕ್ಕೆ ಆಸರೆ ತಪ್ಪುತ್ತದೆ. ಶೆಟ್ಟಿಹಳ್ಳಿಯಲ್ಲಿ ಗೋಡೆಯ ಭಾಗಗಳು ಒಂದೊಂದಾಗಿ ಉರುಳುತ್ತಾ ಬಂದಿವೆ.

ಸಿಮೆಂಟು ಮೆತ್ತಿಬಿಟ್ಟರೆ ಆಗದೇ ಎಂದು ಕೇಳುವವರುಂಟು. ಸುಣ್ಣದ ಗಾರೆ ಮೆತ್ತಗಿನದು, ತೇವವನ್ನು ಒಳಗೆಳೆದುಕೊಂಡು ಮತ್ತೆ ಹೊರಗೆ ಬಿಡುತ್ತದೆ. ಅದರ ಮೇಲೆ ಗಟ್ಟಿ ಸಿಮೆಂಟು ಬಂದರೆ ತೇವ ಒಳಗೇ ಸಿಕ್ಕಿಬಿದ್ದು ಹಳೆಯ ಇಟ್ಟಿಗೆಯನ್ನೇ ತಿನ್ನುತ್ತದೆ. ಹಳೆಯ ಬಗೆಯ ಸುಣ್ಣದ ಗಾರೆಯನ್ನೇ ಮತ್ತೆ ಅರೆಯಬೇಕು, ಗೋಡೆಯ ನೆತ್ತಿಗಳನ್ನು ಮುಚ್ಚಬೇಕು, ಗಿಡಗಳನ್ನು ಬೇರುಸಹಿತ ತೆಗೆಯಬೇಕು, ಅಲುಗಾಡುವ ಕಮಾನಿಗೆ ಊರೆ ಕೊಡಬೇಕು. ನೀರು ಇಳಿದಿರುವ ಕೆಲವೇ ತಿಂಗಳಲ್ಲಿ ಇದೆಲ್ಲ ಆಗಬೇಕು. ಗೋಡೆಗಳ ಮೇಲೆ ಇದ್ದಿಲಿನಲ್ಲಿ, ಮೊಳೆಯಲ್ಲಿ ತಮ್ಮ ಹೆಸರು ಕೆತ್ತಿ ಹೋಗುವ ಯುವಕರಿಗೆ ಮಾತ್ರ ಯಾವ ಋತುವೂ ಅಡ್ಡಿಯಾಗುವಂತೆ ಕಾಣದು.

ಗೋಡೆ ಉಳಿಯಲಿ ಬಿಡಲಿ, ಉಳಿಸಿಕೊಳ್ಳಬಹುದಾದ ಇನ್ನೊಂದು ಆಸ್ತಿ ಇಂಥ ಊರುಗಳಿಗಿರುತ್ತದೆ. ಕ್ಯಾಥೊಲಿಕ್ ಧರ್ಮಕೇಂದ್ರಗಳಲ್ಲಿ ಜ್ಞಾನಸ್ನಾನ, ಮದುವೆಗಳ ದಾಖಲೆ ಪುಸ್ತಕ ಇಡಬೇಕೆಂಬ ಕಟ್ಟಳೆ 1563ರ ಟ್ರೆಂಟ್ ಧರ್ಮಸಭೆಯ ಕಾಲದಿಂದ ಇದೆ. ಯಾರ ಮಗು, ತಾಯಿತಂದೆ ಯಾರು, ಸಾಕ್ಷಿ ನಿಂತವರು ಯಾರು, ಯಾವ ಊರಿನವರು ಎಂಬುದೆಲ್ಲ ಅದರಲ್ಲಿರುತ್ತದೆ. ರಾಜರ ಶಾಸನಗಳಲ್ಲಿ ಎಂದೂ ಬಾರದ ರೈತ, ಕೂಲಿ, ಹೆಂಗಸರ ಹೆಸರುಗಳು ಸಿಗುವುದು ಇಂಥ ಪುಸ್ತಕಗಳಲ್ಲೇ. ಮುಳುಗಡೆಗೆ ಮುನ್ನ ಆ ಚರ್ಚಿನಲ್ಲಿ ಮದುವೆಯಾದವರಿಗೆ ಈಗ ಎಪ್ಪತ್ತೋ ಎಂಬತ್ತೋ ವರ್ಷ ವಯಸ್ಸು. ಗೋಡೆಗಿಂತ ಮೊದಲು ಅವರ ಮಾತನ್ನು ಬರೆದಿಟ್ಟುಕೊಳ್ಳಬೇಕಾಗಿದೆ. ಮುದಗಲ್ಲಿನವರಿಗೂ, ಕೃಷ್ಣಾ ತುಂಗಭದ್ರೆಯರ ಹಿನ್ನೀರಿನಿಂದ ಎದ್ದುಬಂದ ಯಾವುದೇ ಊರಿನವರಿಗೂ ಈ ಮಾತು ಸಲ್ಲುತ್ತದೆ.

ಹೋಗುವವರಿಗೆ ಒಂದೆರಡು ಸೂಚನೆ. ಚರ್ಚು ಹಾಸನದಿಂದ ಸುಮಾರು ಇಪ್ಪತ್ತು ಕಿಲೋಮೀಟರ್. ಜುಲೈಯಿಂದ ಅಕ್ಟೋಬರಿನವರೆಗೆ ಹೋದರೆ ನೀರಿನಲ್ಲಿ ನಿಂತ ಕಟ್ಟಡವನ್ನು ದಡದಿಂದ ಕಾಣಬಹುದು. ಡಿಸೆಂಬರಿನಿಂದ ಮೇ ತಿಂಗಳೊಳಗೆ ಹೋದರೆ ಒಣಗಿದ ಕೆಸರಿನ ಮೇಲೆ ನಡೆದು ಹತ್ತಿರ ಹೋಗಬಹುದು. ಮಕ್ಕಳನ್ನು ಕಮಾನುಗಳ ಅಡಿ ನಿಲ್ಲಗೊಡಬೇಡಿ, ಇಟ್ಟಿಗೆಗಳು ಸಡಿಲವಾಗಿವೆ. ಸಮಯವಿದ್ದರೆ ಹಿಂತಿರುಗುವಾಗ ಮರಿಯಾ ನಗರ ಎಲ್ಲಿದೆಯೆಂದು ಯಾರನ್ನಾದರೂ ಕೇಳಿ.